ಗಾಂಧೀಜಿಗೆ ನೊಬೆಲ್ ತಪ್ಪಿಸಿದ್ದು ನಾರ್ವೆಯ ಒಬ್ಬ ಸಂಪಾದಕರೇ?

"1947ರಲ್ಲಿ ಗಾಂಧೀಜಿಗೆ ನೊಬೆಲ್ ಸಿಗದ ಹಾಗೆ ನಾರ್ವೆಯ ಒಬ್ಬ ಪತ್ರಿಕಾ ಸಂಪಾದಕ ಅಡ್ಡ ನಿಂತನಂತೆ, ಅವನು ಬ್ರಿಟಿಷರ ಕಡೆಯವನಂತೆ, ನಿಜವಾ?" ಅಂತ ಕೇಳಿದ್ದೀರಿ. ಮೊದಲ ಮಾತಿನಲ್ಲಿ ಸತ್ಯ ಇದೆ. ಎರಡನೆಯದನ್ನು ನಾನು ಖಂಡಿತ ಒಪ್ಪುವುದಿಲ್ಲ.

ಅವರ ಹೆಸರು ಮಾರ್ಟಿನ್ ಟ್ರಾನ್‌ಮೇಲ್. ನಾನು ಒಂಬತ್ತು ವರ್ಷದಿಂದ ಓಸ್ಲೋದಲ್ಲಿದ್ದೇನೆ. ಇಲ್ಲಿನ ಹಿರಿಯರ ಬಾಯಲ್ಲಿ ಈ ಹೆಸರು ಈಗಲೂ ಬರುತ್ತದೆ. ಪ್ರತಿ ಮೇ 1ಕ್ಕೆ ಯುಂಗ್ಸ್‌ಟೋರ್ಗೆ ಚೌಕಕ್ಕೆ ಹೋಗುತ್ತೇನೆ. ಒಂದೊಂದು ಕಾರ್ಮಿಕ ಸಂಘದ್ದೂ ಬಾಗಿಲಿನಷ್ಟು ದೊಡ್ಡ ಬಾವುಟ. ಗಾಳಿ ಜಾಸ್ತಿಯಾದರೆ ಇಬ್ಬರು ಕೋಲು ಹಿಡಿದು, ಇನ್ನಿಬ್ಬರು ಹಗ್ಗ ಜಗ್ಗಿ ಹಿಡಿಯಬೇಕು. ಆ ಗುಂಪಿನ ನಡುವೆ ನಿಂತಾಗಲೇ ಇವರ ಬಗ್ಗೆ ಓದಬೇಕು ಅನ್ನಿಸಿದ್ದು.

1879ರಲ್ಲಿ ಟ್ರೋಂಡ್‌ಹೈಮ್ ಹತ್ತಿರದ ಮೆಲ್ಹುಸ್‌ನಲ್ಲಿ ಹುಟ್ಟಿದರು. ಕಲಿತ ಕಸುಬು ಪೇಂಟಿಂಗ್, ಅಂದರೆ ಮನೆಗೆ ಬಣ್ಣ ಬಳಿಯುವುದು. ಅಮೆರಿಕಕ್ಕೆ ಹೋಗಿ ಅಲ್ಲೂ ದುಡಿದರು, ಅಲ್ಲಿನ ಕಾರ್ಮಿಕ ಹೋರಾಟ ನೋಡಿ ಊರಿಗೆ ಮರಳಿದರು. ಟ್ರೋಂಡ್‌ಹೈಮ್‌ನ 'ನ್ಯೂ ಟೀದ್' ಪತ್ರಿಕೆಗೆ ಸಂಪಾದಕರಾದರು. 'ಹೊಸ ಕಾಲ' ಅಂತ ಅದರ ಅರ್ಥ. ಕೂತು ಬರೆಯುವುದಷ್ಟೇ ಅಲ್ಲ, ಭಾಷಣದಲ್ಲೂ ಬೆಂಕಿ. ಮುಷ್ಕರ ಮಾಡಿದವರು ಬಂಡೆಯ ಕುಳಿಗಳಲ್ಲಿ ಒಂದಿಷ್ಟು ಡೈನಮೈಟ್ ಬಿಟ್ಟುಹೋದರೆ, ಅವರ ಜಾಗಕ್ಕೆ ಬಂದವರು ಕೆಲಸ ಮುಟ್ಟಲು ಹೆದರುತ್ತಾರೆ ಅಂತ 1912ರಲ್ಲಿ ಹೇಳಿದ ಮಾತು ದೇಶವನ್ನೇ ಅಲ್ಲಾಡಿಸಿತು. ವಿರೋಧಿಗಳು ಅದನ್ನು ಮರೆಯಲೇ ಇಲ್ಲ. ನನಗೂ ಆ ಮಾತು ಸರಿ ಅನ್ನಿಸುವುದಿಲ್ಲ.

1921ರಲ್ಲಿ ರಾಜಧಾನಿಯ ಪತ್ರಿಕೆಗೆ ಬಂದರು. ಅದನ್ನು 1884ರಲ್ಲಿ ಶುರು ಮಾಡಿದವರು ಅಚ್ಚುಮೊಳೆ ಜೋಡಿಸುತ್ತಿದ್ದ ಹೋಲ್ಟರ್‌ಮನ್ ಕ್ನುಡ್ಸನ್. 1923ರಲ್ಲಿ ಅದಕ್ಕೆ 'ಆರ್ಬೈದರ್‌ಬ್ಲಾದೆ' ಅಂತ ಹೆಸರಾಯಿತು, ಕಾರ್ಮಿಕರ ಪತ್ರಿಕೆ ಅಂತ. ಅದೇ ವರ್ಷ ಅವರ ಲೇಬರ್ ಪಕ್ಷ ಮಾಸ್ಕೋ ಜೊತೆಗಿನ ನಂಟನ್ನೂ ಕಡಿದುಕೊಂಡಿತು. ಲೆನಿನ್‌ನ ಅಂತಾರಾಷ್ಟ್ರೀಯ ಸಂಘಟನೆಗೆ ಪಕ್ಷ ಸೇರಿದಾಗ ಮುಂದೆ ನಿಂತವರೂ ಇವರೇ, ಅಲ್ಲಿಂದ ಅಪ್ಪಣೆ ಬರತೊಡಗಿದಾಗ "ಆಗಲ್ಲ" ಅಂದವರೂ ಇವರೇ. ನನಗೆ ಬಹಳ ಇಷ್ಟವಾಗುವುದು ಈ ಭಾಗ. ಆ ಹೊತ್ತಿನಲ್ಲಿ ಹಾಗೆ ಹೇಳಲು ಎದೆ ಬೇಕಿತ್ತು. ಸೈನಿಕರ ಮುಷ್ಕರಕ್ಕೆ ಕರೆಕೊಟ್ಟಿದ್ದಕ್ಕೆ ಜೈಲು ಶಿಕ್ಷೆಯೂ ಆಯಿತು. 1935ರ ನಂತರ ಅವರ ಪಕ್ಷದ್ದೇ ಸರ್ಕಾರ ಬಂತು. ಆದರೂ ಮಂತ್ರಿಯಾಗಲಿಲ್ಲ. ಮದುವೆಯಾಗಲಿಲ್ಲ, ಹೆಂಡ ಮುಟ್ಟಲಿಲ್ಲ. ಹಿಟ್ಲರನ ಪಡೆ ನುಗ್ಗಿದಾಗ ಸ್ವೀಡನ್‌ಗೆ ತಪ್ಪಿಸಿಕೊಂಡರು, ಪತ್ರಿಕೆಯನ್ನು ನಾಜಿಗಳು ಮುಚ್ಚಿಸಿದರು. ಯುದ್ಧ ಮುಗಿದ ಮೇಲೆ ಮತ್ತೆ ಅದೇ ಕುರ್ಚಿಗೆ ಬಂದು ಇನ್ನೂ ಕೆಲವು ವರ್ಷ ಸಂಪಾದಕರಾಗಿದ್ದರು.

ಇಂಥವರು ಬ್ರಿಟಿಷರ ಮಾತಿಗೆ ತಲೆಯಾಡಿಸುತ್ತಾರಾ?

ಈಗ ಗಾಂಧೀಜಿ ವಿಷಯ. ಟ್ರಾನ್‌ಮೇಲ್ 1938ರಿಂದ ನೊಬೆಲ್ ಶಾಂತಿ ಪ್ರಶಸ್ತಿ ಕೊಡುವ ನಾರ್ವೆಯ ಸಮಿತಿಯಲ್ಲಿದ್ದರು. ಒಟ್ಟು ಐದೇ ಜನ. 1947ರ ಸಭೆಯ ಸಂಗತಿ ನಮಗೆ ಗೊತ್ತಾಗಿರುವುದು ಅಧ್ಯಕ್ಷ ಗುನ್ನಾರ್ ಯಾನ್ ಅವರ ದಿನಚರಿಯಿಂದ. ಇಬ್ಬರು ಗಾಂಧೀಜಿ ಪರ ನಿಂತರು. ಭಾರತ, ಪಾಕಿಸ್ತಾನ ಹೊಡೆದಾಡುತ್ತಿರುವಾಗ ಒಂದು ಕಡೆಯ ನಾಯಕರಿಗೆ ಪ್ರಶಸ್ತಿ ಕೊಡಲು ಟ್ರಾನ್‌ಮೇಲ್ ಹಿಂಜರಿದರು. ಮಾಜಿ ವಿದೇಶಾಂಗ ಸಚಿವ ಬ್ರಾಡ್‌ಲಾಂಡ್ ಕೂಡ ಟ್ರಾನ್‌ಮೇಲ್‌ಗೆ ದನಿಗೂಡಿಸಿದರು. ಯಾನ್ ಅವರಿಗೂ ಮನಸ್ಸು ಗಟ್ಟಿಯಾಗಲಿಲ್ಲ. ಪಾಕಿಸ್ತಾನದ ಜೊತೆ ಯುದ್ಧವಾಗಬಹುದು ಅಂತ ಗಾಂಧೀಜಿ ಪ್ರಾರ್ಥನಾ ಸಭೆಯಲ್ಲಿ ಹೇಳಿದ್ದು ಆಗಷ್ಟೇ ಲಂಡನ್ನಿನ ಪತ್ರಿಕೆಯಲ್ಲಿ ಅರೆಬರೆಯಾಗಿ ಬಂದಿತ್ತು. ಕೊನೆಗೆ ಪ್ರಶಸ್ತಿ ಕ್ವೇಕರ್ ಅನ್ನುವ ಶಾಂತಿವಾದಿ ಕ್ರೈಸ್ತ ಪಂಥದ ಸಂಸ್ಥೆಗಳಿಗೆ ಹೋಯಿತು.

ಹಾಗಾಗಿ ಅವರೊಬ್ಬರೇ ತಪ್ಪಿಸಿದರು ಅನ್ನುವುದು ಅನ್ಯಾಯ. ಆದರೆ ಅವರು ತಪ್ಪು ಮಾಡಿದರು ಅಂತಲೇ ನಾನು ಹೇಳುತ್ತೇನೆ. ಆ ತಿಂಗಳುಗಳಲ್ಲಿ ಗಲಭೆಯ ಬೀದಿಗಳಲ್ಲಿ ಆ ಮುದುಕ ಏನು ಮಾಡುತ್ತಿದ್ದರು ಅನ್ನುವುದು ಒಬ್ಬ ಪತ್ರಕರ್ತನಿಗೆ ಕಾಣಬೇಕಿತ್ತು, ಅಲ್ವಾ? ಓಸ್ಲೋದಲ್ಲಿ ಕೂತು ಯೋಚಿಸಿದಾಗಲೆಲ್ಲ ಇದು ನನ್ನನ್ನು ಕಾಡುತ್ತದೆ.

1948ರ ಜನವರಿ 30ರಂದು ಗಾಂಧೀಜಿ ಹತ್ಯೆಯಾಯಿತು. ನಾಮನಿರ್ದೇಶನದ ಗಡುವಿಗೆ ಇನ್ನೆರಡೇ ದಿನ ಇತ್ತು. ಜೀವಂತ ಇರುವವರಲ್ಲಿ ತಕ್ಕವರು ಯಾರೂ ಇಲ್ಲ ಅಂತ ಹೇಳಿ ಆ ವರ್ಷ ಸಮಿತಿ ಯಾರಿಗೂ ಪ್ರಶಸ್ತಿ ಕೊಡಲಿಲ್ಲ. ಟ್ರಾನ್‌ಮೇಲ್ 1963ರವರೆಗೂ ಆ ಸಮಿತಿಯಲ್ಲಿದ್ದರು. ಅಷ್ಟರಲ್ಲಿ, 1960ರ ಪ್ರಶಸ್ತಿ ದಕ್ಷಿಣ ಆಫ್ರಿಕಾದಲ್ಲಿ ಅಹಿಂಸೆಯ ಹಾದಿ ಹಿಡಿದು ಹೋರಾಡುತ್ತಿದ್ದ ಆಲ್ಬರ್ಟ್ ಲುಥುಲಿ ಅವರಿಗೆ ಸಿಕ್ಕಿತು.