ಸೆಬೊಯಿಪೆಪೆ ಅಳದಿರುವುದೇಕೆ?

ಬ್ರೆಜಿಲ್‌ನ ನಿರ್ದೇಶಕ ನೆಲ್ಸನ್ ಪೆರೇರಾ ದೋಸ್ ಸಾಂತೋಸ್ ಅವರ 1971ರ ‘ಹೌ ಟೇಸ್ಟಿ ವಾಸ್ ಮೈ ಲಿಟಲ್ ಫ್ರೆಂಚ್‌ಮನ್’ ಚಿತ್ರದಲ್ಲಿ, ಜೊತೆಗೆ ಬಾಳಿದ ಫ್ರೆಂಚ್ ಸೆರೆಯಾಳನ್ನು ಮೂಲನಿವಾಸಿ ಹೆಣ್ಣು ಸೆಬೊಯಿಪೆಪೆ ಕೊನೆಗೆ ತಿನ್ನುವುದು ಮೂಲನಿವಾಸಿಗಳಿಗೆ ಮಾಡಿದ ಅವಮಾನವಲ್ಲವೇ ಎಂದು ಕೇಳಿದ್ದೀರಿ. ಖಂಡಿತ ಅಲ್ಲ. ಅವಳು ಅತ್ತಿದ್ದರೆ ಇದು ಇನ್ನೊಬ್ಬ ಬಿಳಿಯ ನಾಯಕನ ಕಥೆಯಾಗುತ್ತಿತ್ತು. ಯುರೋಪನ್ನು ಅನುಕರಿಸದೆ ತಿಂದು ಅರಗಿಸಿಕೊಳ್ಳಬೇಕೆಂದು ಕವಿ ಓಸ್ವಾಲ್ಡ್ ದೆ ಆಂದ್ರಾದೆ 1928ರಲ್ಲೇ ನರಭಕ್ಷಣೆಯ ಪ್ರಣಾಳಿಕೆ ಬರೆದಿದ್ದರು. ಆ ರೂಪಕವೇ ಇಲ್ಲಿ ಮೈತಳೆದಿದೆ. ಅವಳ ಮುಖದ ಬೆನ್ನಿಗೇ ಪೋರ್ಚುಗೀಸ್ ಗವರ್ನರ್ ಮೆಂ ದೆ ಸಾ ಅವರ ಬರಹ ತೆರೆಯ ಮೇಲೆ ಬರುತ್ತದೆ: ಕೊಂದ ಮೂಲನಿವಾಸಿಗಳ ಹೆಣಗಳು ಕಡಲತೀರದಲ್ಲಿ ಮೈಲಿಗಟ್ಟಲೆ ಸಾಲಾಗಿ ಬಿದ್ದಿದ್ದವಂತೆ. ಈಗ ಹೇಳಿ, ಅನಾಗರಿಕರು ಯಾರು?

ರಾಜಕೀಯ ಅರ್ಥ ಬೇಕಿದ್ದರೆ ಮೊದಲ ನಿಮಿಷಗಳನ್ನು ಮತ್ತೊಮ್ಮೆ ನೋಡಿ. ವಾರ್ತಾಚಿತ್ರದ ಗತ್ತಿನಲ್ಲಿ ನಿರೂಪಕ, ಬ್ರೆಜಿಲ್‌ನಲ್ಲಿದ್ದ ಫ್ರೆಂಚ್ ವಸಾಹತಿನ ಮುಖ್ಯಸ್ಥ ವಿಲ್‌ಗಾನ್ಯೋ ಕ್ರೈಸ್ತ ಧರ್ಮಸುಧಾರಕ ಕ್ಯಾಲ್ವಿನ್‌ಗೆ ಬರೆದ ಪತ್ರ ಓದುತ್ತಾನೆ. ಸರಪಳಿ ಬಿಚ್ಚಿಸಿಕೊಂಡ ಕೈದಿ ತಾನೇ ಸಮುದ್ರಕ್ಕೆ ಹಾರಿ ಸತ್ತ ಎನ್ನುತ್ತದೆ ದನಿ. ಕಣ್ಣಿಗೆ ಕಾಣುವುದೇ ಬೇರೆ: ಸರಪಳಿಯ ಸಮೇತ ಅವನನ್ನು ನೀರಿಗೆ ನೂಕುತ್ತಾರೆ. 1968ರ ಡಿಸೆಂಬರ್‌ನ ಐದನೇ ಸಾಂಸ್ಥಿಕ ಶಾಸನ ನಾಗರಿಕ ಹಕ್ಕುಗಳನ್ನು ಕಸಿದ ನಂತರ ಸೇನಾ ಸರ್ಕಾರದ ಹೇಳಿಕೆಗಳನ್ನು ದಿನವೂ ಕೇಳುತ್ತಿದ್ದ ಬ್ರೆಜಿಲ್‌ನ ಪ್ರೇಕ್ಷಕರಿಗೆ ಇದನ್ನು ಬಿಡಿಸಿ ಹೇಳಬೇಕಿತ್ತೇ? ನನ್ನ ಮಟ್ಟಿಗೆ ಇಡೀ ಚಿತ್ರದ ಅತ್ಯಂತ ಧೈರ್ಯದ ದೃಶ್ಯ ಇದೇ.

ಹೀಗಿರುವಾಗ ಕಾನ್ ಚಿತ್ರೋತ್ಸವ ಇದನ್ನು ನಗ್ನತೆಯ ನೆಪದಲ್ಲಿ ನಿರಾಕರಿಸಿದ್ದು ನನಗೆ ಇಂದಿಗೂ ಸಿಟ್ಟು ತರಿಸುತ್ತದೆ.