ಬೆಳಗಾವಿಯ ಕೇಸು ಬಾಗಲಕೋಟೆಗೆ ಬರಬಹುದೇ?

ಬಾಗಲಕೋಟೆ ನವನಗರದ ಹಿರಿಯರೊಬ್ಬರು ಬರೆದಿದ್ದಾರೆ: ‘ಮಗಳು ಮೂರು ವರ್ಷದ ಕೂಸಿನೊಂದಿಗೆ ತವರಿನಲ್ಲಿದ್ದಾಳೆ. ಅಳಿಯ ಬೆಳಗಾವಿಯಲ್ಲಿ ವಿಚ್ಛೇದನದ ಕೇಸು ಹಾಕಿದ್ದಾನೆ. ಪ್ರತಿ ತಾರೀಖಿಗೂ ನಸುಕಿನ ಬಸ್ಸು ಹಿಡಿಯುತ್ತೇವೆ. ಹಾಕಿದವರ ಊರಿಗೇ ಹೋಗಬೇಕೆಂದು ಎಲ್ಲರೂ ಹೇಳುತ್ತಾರೆ. ಕೇಸನ್ನು ಇಲ್ಲಿಗೆ ತರಿಸಲು ಬರುವುದಿಲ್ಲವೇ?’

ಬರುತ್ತದೆ, ಹಿರಿಯರೇ. ಹೇಳಿದವರ ಮಾತು ತಪ್ಪು. ಸಿವಿಲ್ ಪ್ರಕ್ರಿಯಾ ಸಂಹಿತೆಯ 24ನೇ ಕಲಮಿನಡಿ ವರ್ಗಾವಣೆ ಅರ್ಜಿ ಹಾಕಬಹುದು. ಜಿಲ್ಲಾ ನ್ಯಾಯಾಧೀಶರ ಅಧಿಕಾರ ಅವರ ಜಿಲ್ಲೆಗಷ್ಟೇ ಸೀಮಿತ. ಜಿಲ್ಲೆ ದಾಟಬೇಕಾದರೆ ಹೈಕೋರ್ಟಿಗೇ ಹೋಗಬೇಕು. ಬೆಳಗಾವಿ, ಬಾಗಲಕೋಟೆ ಎರಡೂ ಧಾರವಾಡ ಪೀಠಕ್ಕೆ ಸೇರಿರುವುದು ನಿಮಗೆ ಅನುಕೂಲ. (ವಿಜಯಪುರ ಕಲಬುರಗಿ ಪೀಠಕ್ಕೆ ಸೇರಿದೆ, ಅಲ್ಲಿನ ಓದುಗರು ಗಮನಿಸಬೇಕು.)

ವೈವಾಹಿಕ ಪ್ರಕರಣಗಳ ವರ್ಗಾವಣೆಯಲ್ಲಿ ಸಾಮಾನ್ಯವಾಗಿ ಹೆಂಡತಿಯ ಅನುಕೂಲವನ್ನೇ ನೋಡಬೇಕೆಂದು ಸುಪ್ರೀಂ ಕೋರ್ಟು 2022ರಲ್ಲಿಯೂ ಹೇಳಿದೆ. ಅಳಿಯನ ಅಡಚಣೆಯನ್ನೂ ಕೇಳುತ್ತಾರೆ, ಕೇಳಲೇಬೇಕು. ಆದ್ದರಿಂದ ಅರ್ಜಿಯಲ್ಲಿ ಸಂಸಾರದ ಜಗಳವನ್ನೆಲ್ಲ ತುಂಬಬೇಡಿ. ಯಾರು ಸರಿ, ಯಾರು ತಪ್ಪು ಎಂಬುದು ಅಲ್ಲಿ ಪ್ರಶ್ನೆಯೇ ಅಲ್ಲ. ಕೂಸಿನ ವಯಸ್ಸು, ಮಗಳಿಗೆ ಸ್ವಂತ ಆದಾಯ ಇಲ್ಲದಿದ್ದರೆ ಆ ಸಂಗತಿ, ಲೋಕಾಪುರ, ಯರಗಟ್ಟಿ ದಾಟಿ ಹೋಗುವ ಆ ದಾರಿ, ಜೊತೆಗೆ ಬರಬೇಕಾದ ನಿಮ್ಮ ವಯಸ್ಸು: ಇವನ್ನು ಬರೆಯಿಸಿ. ಮಗಳು ಬಾಗಲಕೋಟೆಯಲ್ಲಿ ಜೀವನಾಂಶದ ಅರ್ಜಿ ಹಾಕಿದ್ದರೆ ಅದನ್ನೂ ತಿಳಿಸಿ. ಎರಡೂ ಕೇಸುಗಳನ್ನು ಒಂದೇ ಕಡೆ ನಡೆಸಿ ಎಂದು ಕೇಳುವುದಕ್ಕೆ ಅದು ಬಲವಾದ ಕಾರಣ.

ಒಂದು ಮಾತು ಒತ್ತಿ ಹೇಳುತ್ತೇನೆ. ಅರ್ಜಿ ಹಾಕಿದ ಮಾತ್ರಕ್ಕೆ ಬೆಳಗಾವಿಯ ವಿಚಾರಣೆ ನಿಲ್ಲುವುದಿಲ್ಲ. ತಡೆಯಾಜ್ಞೆ ಸಿಗುವವರೆಗೆ ಒಂದು ತಾರೀಖನ್ನೂ ತಪ್ಪಿಸಬೇಡಿ. ಯಾರೂ ಹಾಜರಾಗದಿದ್ದರೆ ಏಕಪಕ್ಷೀಯ ತೀರ್ಪು ಆಗಿಬಿಡಬಹುದು. ವಕೀಲರ ಶುಲ್ಕದ ಚಿಂತೆಯಿದ್ದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. 1987ರ ಕಾಯ್ದೆಯಂತೆ ಮಹಿಳೆಯರಿಗೆ ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವು ಪಡೆಯುವ ಹಕ್ಕಿದೆ. ಸಹಾಯವಾಣಿ 15100.

ಪತ್ರಕ್ಕೆ ನೀವು ಪಿನ್ನು ಹಾಕಿ ಕಳಿಸಿದ ಬಸ್ ಟಿಕೆಟ್‌ಗಳನ್ನು ಒಂದೊಂದಾಗಿ ನೋಡಿದೆ. ನಿಮ್ಮದಕ್ಕೆ ದುಡ್ಡು, ಮಗಳದ್ದು ಶೂನ್ಯ ಟಿಕೆಟ್. ಪ್ರಯಾಣ ಉಚಿತವಾದರೂ, ಮಡಿಲಲ್ಲಿ ಕೂಸನ್ನು ಇಟ್ಟುಕೊಂಡು ಹೋಗಿಬಂದ ಆ ದಿನಗಳು ಉಚಿತವಲ್ಲ ಎಂಬುದಕ್ಕೆ ಅವುಗಳ ಮೇಲಿನ ತಾರೀಖು, ವೇಳೆಗಳೇ ಸಾಕ್ಷಿ. ಅವನ್ನು ಅಂಚೆಯಲ್ಲಿ ವಾಪಸ್ ಕಳಿಸಿದ್ದೇನೆ. ಎರಡರ ಮೇಲಿನ ಅಕ್ಷರ ಆಗಲೇ ಮಾಸಿದೆ. ಉಳಿದವನ್ನು ಇವತ್ತೇ ಜೆರಾಕ್ಸ್ ಮಾಡಿಸಿ ವಕೀಲರ ಕೈಗೆ ಕೊಡಿ.

— ಸಂಪಾದಕ