ಹಳೇ ಶಾಲೆ ಕಟ್ಟಡ ಸೋರುತ್ತಿದೆ. ಬಳಕೆಗೆ ಯೋಗ್ಯವಲ್ಲ ಅನ್ನುವ ಶಿಥಿಲ ಪ್ರಮಾಣಪತ್ರ ಮಾಡಿಸಿದರೆ ಹೊಸ ಕಟ್ಟಡಕ್ಕೆ ಯಾವ ಅನುದಾನ ಬೇಗ ಸಿಗುತ್ತದೆ?

ಅಂಕೋಲಾ ಕಡೆಯ 70 ವರ್ಷದ ಹಂಚಿನ ಶಾಲೆ, ಎರಡು ಕೋಣೆ ಸೋರುತ್ತಿದೆ ಅಂತ ಬರೆದಿದ್ದೀರಿ. ಅರ್ಜಿ ಇನ್ನೂ ಕೊಟ್ಟಿಲ್ಲ ತಾನೇ? ಕೊಡಬೇಡಿ. ನಾವು ಕೊಟ್ಟೆವು, ಏನಾಯಿತು ಅಂತ ಹೇಳುತ್ತೇನೆ.

ನಮ್ಮದು ಕುಮಟಾ ತಾಲ್ಲೂಕು, ಅಘನಾಶಿನಿ ಹೊಳೆ ಬದಿಯ ಊರು. ಮಗಳು ಮೂರನೇ ಕ್ಲಾಸಿನಲ್ಲಿದ್ದಾಗ ನಾನು ಎಸ್‌ಡಿಎಂಸಿ, ಅಂದರೆ ಶಾಲಾಭಿವೃದ್ಧಿ ಸಮಿತಿಯ ಅಧ್ಯಕ್ಷನಾದೆ. ಶಾಲೆಗೆ ನಾಲ್ಕು ಕೋಣೆ, ಮುಂದೆ ಉದ್ದಕ್ಕೆ ಜಗಲಿ. ಚಿರೆಕಲ್ಲಿನ (ಕೆಂಪು ಮುರಕಲ್ಲಿನ) ಗೋಡೆ, ಅದಕ್ಕೆ ಚಿಪ್ಪಿನ ಸುಣ್ಣದ ಗಾರೆ. ಈ ಹೊಳೆಯ ಚಿಪ್ಪನ್ನೇ ಸುಟ್ಟು ಮಾಡಿದ ಸುಣ್ಣ ಅದು. ಎರಡು ಮಾಡು (ಇಳಿಜಾರು ಚಾವಣಿ) ಸೇರುವ ಮೂಲೆಯಲ್ಲಿ ನೀರು ಹರಿಯಲಿಕ್ಕೆ ತಗಡಿನ ದೋಣಿ ಹಾಕಿರುತ್ತಾರಲ್ಲ, ಅದು ತುಕ್ಕು ಹಿಡಿದು ತೂತಾಗಿತ್ತು. ಆರ್ದ್ರೆ ಮಳೆಯಲ್ಲಿ ಎರಡು ಕೋಣೆಯ ಗೋಡೆ ಮೇಲೆ ನೀರು ಇಳಿಯುತ್ತಿತ್ತು. ಅಕ್ಕೋರು (ಶಿಕ್ಷಕಿ) ಬೆಂಚುಗಳನ್ನೆಲ್ಲ ಒಂದು ಬದಿಗೆ ಎಳೆದು ಪಾಠ ಮಾಡುತ್ತಿದ್ದರು.

ಊರಿನ ಹಳೇ ಆಚಾರಿಯನ್ನು, ಅಂದರೆ ಬಡಗಿಯನ್ನು ಕರೆಸಿದೆವು. ಅವರು ಏಣಿ ಇಟ್ಟು ಹತ್ತಿದರು, ನಾಲ್ಕು ಹಂಚು ಸರಿಸಿದರು, ಜೇಬಿನಿಂದ ಚಾಕು ತೆಗೆದು ಮಾಡು ಹೊರುವ ಇಳಿಜಾರು ಮರದ ಪಟ್ಟಿ, ಅಂದರೆ ಒಂದೊಂದೇ ಪಕಾಸಿಗೆ ಚುಚ್ಚುತ್ತಾ ಬಂದರು. ದೋಣಿಯ ಅಡಿಯ ಎರಡು ಪಕಾಸಿನ ತುದಿಗೆ ಮಾತ್ರ ಚಾಕು ಸಲೀಸಾಗಿ ಒಳಗೆ ಹೋಯಿತು. ಕೈಯಲ್ಲಿ ಹಿಂಡಿದರೆ ಆ ಮರ ಪುಡಿಯಾಗುತ್ತಿತ್ತು. ಉಳಿದ ಕಡೆ ಚಾಕುವಿನ ಮೊನೆಯೂ ಇಳಿಯಲಿಲ್ಲ. "ಎರಡು ಪಕಾಸು, ಹಂಚು ಕೂರುವ ನಾಲ್ಕು ರೀಪು, ಹೊಸ ತಗಡು. ಇಷ್ಟು ಮಾಡಿ ಸಾಕು. ಮೇಲಿರೋದು ಮತ್ತಿ ಮರ, ನಿಮ್ಮ ಮೊಮ್ಮಕ್ಕಳ ಕಾಲಕ್ಕೂ ಇರ್ತದೆ" ಅಂದರು.

ನಾವು ಅವರ ಮಾತು ಕೇಳಲಿಲ್ಲ. ಸಭೆಯಲ್ಲಿ ಒಬ್ಬರು, "ರಿಪೇರಿ ಮಾಡಿಸಿಬಿಟ್ಟರೆ ಹೊಸ ಕಟ್ಟಡ ಯಾರು ಕೊಡ್ತಾರೆ?" ಅಂದರು. ಪಕ್ಕದ ಊರಿಗೆ ಕಾಂಕ್ರೀಟ್ ಸ್ಲ್ಯಾಬಿನ ಶಾಲೆ ಬಂದಿತ್ತು, ನಮಗೂ ಬರಲಿ ಅಂತ ಎಲ್ಲರಿಗೂ ಆಸೆ. ಆ ಮಾತು ಸರಿ ಅಂತಲೇ ನನಗೂ ಕಂಡಿತು. ಠರಾವು ಬರೆದು, ಕಟ್ಟಡ ಶಿಥಿಲವಾಗಿದೆ, ಪರಿಶೀಲಿಸಿ ಪ್ರಮಾಣಪತ್ರ ಕೊಡಿ ಅಂತ ಅರ್ಜಿ ಹಾಕಿದೆವು.

ತಪ್ಪು ಎಲ್ಲಾಯಿತು ಅಂತ ಬಿಡಿಸಿ ಹೇಳಬೇಕು, ಯಾಕಂದರೆ ನೀವು ಅದೇ ಹೆಜ್ಜೆ ಇಡುವುದರಲ್ಲಿದ್ದೀರಿ. ಸೋರುತ್ತಿದ್ದದ್ದು ಒಂದು ಮೂಲೆ. ಕೆಟ್ಟಿದ್ದು ಎರಡು ಪಕಾಸಿನ ತುದಿ. ಆದರೆ ಅರ್ಜಿಯಲ್ಲಿ ನಾನು "ಶಾಲಾ ಕಟ್ಟಡ" ಅಂತ ಬರೆದೆ. ಯಾವ ಕೋಣೆ, ಯಾವ ಭಾಗ ಅಂತ ಬರೆಯಲಿಲ್ಲ. ಎಂಜಿನಿಯರ್ ಬಂದವರು ಸೋರುವ ಮೂಲೆಯ ಫೋಟೋ ತೆಗೆದರು, ಉದ್ದಗಲ ಅಳೆದರು, ಹೋದರು. ಮೇಲೆ ಹತ್ತಲಿಲ್ಲ, ಪಕಾಸು ಮುಟ್ಟಲಿಲ್ಲ. ವರದಿ ಇಡೀ ಕಟ್ಟಡದ ಮೇಲೆ ಬಂತು. ನಾಲ್ಕೂ ಕೋಣೆ ಬಳಕೆಗೆ ಯೋಗ್ಯವಲ್ಲ. ಕೇಳಿದರೆ, "ನೀವೇ ಹಾಗೆ ಬರೆದಿದ್ದೀರಲ್ಲ" ಅಂದರು. ನಿಜ, ನಾವೇ ಬರೆದಿದ್ದೆವು.

ಆ ಕಾಗದ ಬಂದ ಮೇಲೆ ಬಾಗಿಲೆಲ್ಲ ಮುಚ್ಚಿತು. ಶಿಥಿಲ ಅಂತ ಬರೆಸಿಕೊಂಡ ಕಟ್ಟಡಕ್ಕೆ ಸರ್ಕಾರಿ ದುಡ್ಡು ಹಾಕಿದರೆ ಆಡಿಟ್‌ನಲ್ಲಿ ಆಕ್ಷೇಪಣೆ ಬರುತ್ತದೆ ಅಂತ ಅಕ್ಕೋರು ಒಂದು ಹಂಚು ಬದಲಿಸಲಿಕ್ಕೂ ಹೆದರಿದರು. ಅವರದ್ದು ತಪ್ಪಲ್ಲ, ಸಹಿ ಅವರದ್ದು. ಪಂಚಾಯಿತಿಯೂ ಹಿಂದೆ ಸರಿಯಿತು. ಗಟ್ಟಿಯಾಗಿದ್ದ ಎರಡು ಕೋಣೆಗೂ ಬೀಗ ಬಿತ್ತು. ಮಕ್ಕಳು ದೇವಸ್ಥಾನದ ಸಭಾಭವನಕ್ಕೆ ಹೋದರು. ಮದುವೆ, ತಿಥಿ ಇದ್ದ ದಿನ ಶಾಲೆ ಬೇರೆ ಕಡೆ. ಹೊಸ ಕಟ್ಟಡದ ಪಟ್ಟಿಯಲ್ಲಿ ನಮ್ಮ ಹೆಸರೇನೋ ಇತ್ತು. ಆದರೆ ಒಂದು ವರ್ಷ ನೆರೆ ಬಂದು ಬೇರೆ ಶಾಲೆ ಮುಂದೆ ಹೋಯಿತು, ಮತ್ತೊಂದು ವರ್ಷ ಮಕ್ಕಳು ಜಾಸ್ತಿ ಇರುವ ಶಾಲೆ ಮುಂದೆ ಹೋಯಿತು.

ಅಷ್ಟರಲ್ಲಿ ಖಾಲಿ ಕಟ್ಟಡ ನಿಜವಾಗಿಯೂ ಹಾಳಾಯಿತು. ಜನ ಓಡಾಡುವ ಕಟ್ಟಡದಲ್ಲಿ ಒಂದು ಹಂಚು ಜಾರಿದರೆ ಯಾರಾದರೂ ನೋಡುತ್ತಾರೆ. ಬೀಗ ಹಾಕಿದ್ದರಲ್ಲಿ ಯಾರು ನೋಡಬೇಕು? ಗಾಳಿಗೆ ಹಂಚು ಜಾರಿದವು, ಗೋಡೆಯ ತಲೆಗೆ ನೇರ ಮಳೆ ಬಿತ್ತು, ಕಲ್ಲಿನ ನಡುವಿನ ಮಣ್ಣು ತೊಳೆದುಹೋಯಿತು, ಒಂದು ಮಳೆಗಾಲದ ರಾತ್ರಿ ಬದಿಯ ಗೋಡೆ ಬಿತ್ತು. ಒಳಗೆ ಯಾರೂ ಇರಲಿಲ್ಲ. ಕೊನೆಗೆ ಹೊಸದು ಬಂತು, ನಾಲ್ಕಲ್ಲ, ಎರಡೇ ಕೋಣೆ. ಅಷ್ಟು ಹೊತ್ತಿಗೆ ಅರ್ಧದಷ್ಟು ಮಕ್ಕಳು ವ್ಯಾನು ಹತ್ತಿ ಕುಮಟಾದ ಇಂಗ್ಲಿಷ್ ಮೀಡಿಯಂಗೆ ಹೋಗಿಯಾಗಿತ್ತು. ಈ ನಷ್ಟ ನನಗೆ ಇವತ್ತಿಗೂ ನೋವು ಕೊಡುತ್ತದೆ.

ಹೊಸ ಸ್ಲ್ಯಾಬ್ ಬಂದರೆ ಸೋರುವ ಕಥೆ ಮುಗಿಯಿತು ಅಂತ ನೀವು ನಂಬಿದ್ದೀರಿ ಅನ್ನಿಸುತ್ತದೆ. ಮುಗಿಯುವುದಿಲ್ಲ. ಮಳೆ ವರ್ಷಕ್ಕೆ ಸುಮಾರು 3000 ಮಿಲಿಮೀಟರ್ ಸುರಿಯುವ ಸೀಮೆ ಇದು. ಗಾಳಿಯಲ್ಲಿ ಉಪ್ಪು. ಉಪ್ಪು, ನೀರು ಎರಡೂ ಕಾಂಕ್ರೀಟಿನೊಳಗೆ ಇಳಿದು ಕಬ್ಬಿಣ ಮುಟ್ಟಿದರೆ ತುಕ್ಕು ಹಿಡಿಯುತ್ತದೆ. ತುಕ್ಕು ಹಿಡಿದ ಕಬ್ಬಿಣ ಉಬ್ಬಿ ಕಾಂಕ್ರೀಟನ್ನು ಒಳಗಿನಿಂದಲೇ ಸೀಳುತ್ತದೆ. ನಮ್ಮ ಹೊಸ ಕೋಣೆಯ ಸೂರಿನಲ್ಲಿ ಮೊದಲು ಕಂದು ಗೆರೆ ಕಂಡಿತು, ಆಮೇಲೆ ತಟ್ಟೆಯಗಲದ ಚಕ್ಕೆ ಕಳಚಿ ಬಿತ್ತು, ರಾಡು ಹೊರಗೆ ಕಂಡಿತು. ಐಎಸ್ 456 ಅನ್ನುವ ಭಾರತದ ಕಾಂಕ್ರೀಟ್ ಮಾನದಂಡದ 2000ರ ಆವೃತ್ತಿ ಕರಾವಳಿಯ ಹವೆಗೆ ತೆರೆದ ಕಟ್ಟಡಕ್ಕೆ ಎಂ30 ದರ್ಜೆಯ ಕಾಂಕ್ರೀಟು, ಕಬ್ಬಿಣದ ಮೇಲೆ 45 ಮಿಲಿಮೀಟರ್ ಕಾಂಕ್ರೀಟಿನ ಹೊದಿಕೆ ಬೇಕು ಅನ್ನುತ್ತದೆ. ನಮ್ಮಲ್ಲಿ ಚಕ್ಕೆ ಬಿದ್ದ ಜಾಗದಲ್ಲಿ ಹೊದಿಕೆ ಬೆರಳಿನಷ್ಟೂ ದಪ್ಪ ಇರಲಿಲ್ಲ. ಈಗ ಸ್ಲ್ಯಾಬ್ ಮೇಲೆ ಶೀಟು ಹೊದಿಸಿದ್ದೇವೆ. ನಿಮ್ಮೂರ ಸುತ್ತಮುತ್ತ ನೋಡಿ, ಸ್ಲ್ಯಾಬಿನ ಮೇಲೆ ಶೀಟು ಹೊತ್ತ ಸರ್ಕಾರಿ ಕಟ್ಟಡ ಎಷ್ಟಿವೆ ಅಂತ.

ಈಗ ದುಡ್ಡಿನ ವಿಷಯ. ಯಾವ ಅನುದಾನ ಅಂತ ಕೇಳುವುದೇ ಸರಿಯಾದ ದಾರಿ ಅಲ್ಲ ಅನ್ನುವುದು ನನ್ನ ಖಚಿತ ಅಭಿಪ್ರಾಯ. ನಮ್ಮಲ್ಲಿ ದೊಡ್ಡ ದುಡ್ಡೆಲ್ಲ ಹೊಸದು ಕಟ್ಟಲಿಕ್ಕೆ ಇರುವುದು. ಸಂಸದರ ನಿಧಿ ವರ್ಷಕ್ಕೆ 5 ಕೋಟಿ, ಆದರೆ ಅದರ ನಿಯಮದಲ್ಲಿ ನಿರ್ವಹಣೆಯ ಕೆಲಸಕ್ಕೆ ಬಹುಕಾಲ ಅವಕಾಶವೇ ಇರಲಿಲ್ಲ. ಸರ್ಕಾರದ ಬಜೆಟ್ಟಿನಲ್ಲಿ ಹೊಸ ಕಟ್ಟಡ 4ರಿಂದ ಶುರುವಾಗುವ ಲೆಕ್ಕಶೀರ್ಷಿಕೆಯಲ್ಲಿ ಬರುತ್ತದೆ, ಅದು ಬಂಡವಾಳ ವೆಚ್ಚ. ರಿಪೇರಿ 2ರಿಂದ ಶುರುವಾಗುವುದರಲ್ಲಿ. ಲೋಕೋಪಯೋಗಿ ಕಟ್ಟಡಗಳಿಗೆ ಹೊಸದಕ್ಕೆ 4059, ನಿರ್ವಹಣೆಗೆ 2059. ಶಿಕ್ಷಣಕ್ಕೆ 4202 ಮತ್ತು 2202. 2202ರಲ್ಲೇ ಶಿಕ್ಷಕರ ಸಂಬಳವೂ ಬರುತ್ತದೆ. ಸಂಬಳದ ಮುಂದೆ ಹಂಚಿನ ದುಡ್ಡು ನಿಲ್ಲುವುದು ಕಷ್ಟ.

ಶಾಲೆಯ ಕೈಗೆ ನೇರ ಬರುವುದು ಸಮಗ್ರ ಶಿಕ್ಷಣ ಅನ್ನುವ ಸರ್ಕಾರಿ ಯೋಜನೆಯ ಶಾಲಾ ಅನುದಾನ. 30 ದಾಟಿ 100ರವರೆಗೆ ಮಕ್ಕಳಿದ್ದರೆ ವರ್ಷಕ್ಕೆ 25,000 ರೂಪಾಯಿ, ಅದಕ್ಕೂ ಕಡಿಮೆ ಇದ್ದರೆ 10,000. ಕರೆಂಟು ಬಿಲ್ಲು, ಸೀಮೆಸುಣ್ಣ, ಶೌಚಾಲಯ ಎಲ್ಲ ಅದರಲ್ಲೇ. ಅಮೆರಿಕದ ನ್ಯಾಷನಲ್ ರಿಸರ್ಚ್ ಕೌನ್ಸಿಲ್ 1990ರಲ್ಲಿ ಸಾರ್ವಜನಿಕ ಕಟ್ಟಡಗಳಿಗೆ ಒಂದು ಲೆಕ್ಕ ಹೇಳಿತ್ತು. ಅದೇ ಕಟ್ಟಡವನ್ನು ಇವತ್ತು ಹೊಸದಾಗಿ ಕಟ್ಟಲು ಎಷ್ಟು ಬೇಕೋ ಅದರ ಶೇ 2ರಿಂದ 4ರಷ್ಟನ್ನು ಪ್ರತಿ ವರ್ಷ ನಿರ್ವಹಣೆಗೆ ಇಡಬೇಕು ಅಂತ. ನಿಮ್ಮ ಶಾಲೆಯನ್ನು ಇವತ್ತು ಕಟ್ಟಲು 40 ಲಕ್ಷ ಬೇಕು ಅಂತಿಟ್ಟುಕೊಳ್ಳಿ, ವರ್ಷಕ್ಕೆ 80,000ದಿಂದ 1,60,000 ಆಯಿತು. ಕೈಗೆ ಬರುವುದು 25,000. ಈ ಕೊರತೆಯನ್ನು ಒಂದು ಸಲ ಬರುವ ದೊಡ್ಡ ಅನುದಾನ ತುಂಬುವುದಿಲ್ಲ. ಪ್ರತಿ ವರ್ಷ ಬರುವ ಸಣ್ಣ ದುಡ್ಡು ಬೇಕು.

ಹಾಗಾಗಿ ನೀವು ಹೋಗಬೇಕಾದ ಮೊದಲ ಜಾಗ ಗ್ರಾಮ ಪಂಚಾಯಿತಿ. ಅವರ ವಾರ್ಷಿಕ ಕ್ರಿಯಾಯೋಜನೆಯಲ್ಲಿ "ಶಾಲೆಯ ಮಾಡು ನಿರ್ವಹಣೆ" ಅಂತ ಒಂದು ಸಾಲು ಪ್ರತಿ ವರ್ಷ ಇರಬೇಕು, ಮೊತ್ತ ಸಣ್ಣದಾದರೂ ಪರವಾಗಿಲ್ಲ. ಗ್ರಾಮಸಭೆಯಲ್ಲಿ ಎದ್ದು ನಿಂತು ಕೇಳಿ, ನಡಾವಳಿಯಲ್ಲಿ ಬರೆಸಿ. ಶಾಸಕರ ನಿಧಿ ವರ್ಷಕ್ಕೆ 2 ಕೋಟಿ ಇದೆ, ಅದಕ್ಕೂ ಅರ್ಜಿ ಹಾಕಿ. ಆದರೆ ಅದನ್ನೇ ನಂಬಿ ಕೂರಬೇಡಿ. ಮುಂಬೈ, ಬೆಂಗಳೂರಿನಲ್ಲಿರುವ ಹಳೇ ವಿದ್ಯಾರ್ಥಿಗಳು ಗೇಟು, ವೇದಿಕೆ ಕಟ್ಟಿಸಿಕೊಡುತ್ತೇವೆ ಅನ್ನುತ್ತಾರೆ. ಅದು ಬೇಡ, ಪ್ರತಿ ಬೇಸಿಗೆಗೆ ಹಂಚು, ತಗಡು, ಆಚಾರಿ ಕೂಲಿ ಕೊಡಿ ಅಂತ ಕೇಳಿ. ಕೇಳಿದರೆ ಕೊಡುತ್ತಾರೆ, ನಮಗೆ ಈಗ ಕೊಡುತ್ತಿದ್ದಾರೆ.

ದುಡ್ಡಿಗಿಂತ ಜಾಸ್ತಿ ಹೊಡೆಯುವುದು ಸಮಯ. ಏಪ್ರಿಲ್‌ನಲ್ಲಿ ಹೊಸ ಲೆಕ್ಕವರ್ಷ, ಮಂಜೂರಾತಿ ಬರುವ ಹೊತ್ತಿಗೆ ಜುಲೈ, ಜಡಿಮಳೆಯಲ್ಲಿ ಮಾಡು ಬಿಚ್ಚಲಿಕ್ಕಾಗುತ್ತದಾ? ನಮ್ಮ ಕಡೆ ಮಾಡಿನ ಕೆಲಸಕ್ಕೆ ಇರುವುದು ದೀಪಾವಳಿಯಿಂದ ಜೂನ್‌ನ ಮಿರ್ಗದ (ಮೃಗಶಿರಾ) ಮಳೆಯೊಳಗಿನ ಹೊತ್ತು. ನವರಾತ್ರಿ ರಜೆಯಲ್ಲಿ ನೋಡಿಸಿ, ನವೆಂಬರ್‌ನಲ್ಲಿ ಅಂದಾಜುಪಟ್ಟಿ ಮಾಡಿಸಿ, ಫೆಬ್ರವರಿಯಲ್ಲಿ ಕೆಲಸ ಶುರು ಮಾಡಿಸಿ.

ಇನ್ನೊಂದು. ರಿಪೇರಿ ಮಾಡುವವರು ಸುಣ್ಣದ ಗಾರೆ ಕೆತ್ತಿ ಸಿಮೆಂಟ್ ಬಳಿಯೋಣ ಅನ್ನುತ್ತಾರೆ. ಒಪ್ಪಬೇಡಿ. ಚಿರೆಕಲ್ಲು ನೀರು ಕುಡಿಯುವ ಕಲ್ಲು. ಸುಣ್ಣದ ಮೂಲಕ ಆ ನೀರು ಆರಿ ಹೊರಗೆ ಹೋಗುತ್ತದೆ. ಸಿಮೆಂಟ್ ಅದನ್ನು ಒಳಗೇ ತಡೆಯುತ್ತದೆ, ಗೋಡೆ ವರ್ಷವಿಡೀ ಹಸಿ, ಕೊನೆಗೆ ಗಾರೆ ಹಾಳೆಯಾಗಿ ಕಳಚುತ್ತದೆ.

ಹಾಗಂತ ಅಪಾಯ ಇರುವ ಕೋಣೆಯಲ್ಲಿ ಮಕ್ಕಳನ್ನು ಕೂರಿಸಿ ಅಂತ ನಾನು ಹೇಳುತ್ತಿಲ್ಲ. 2025ರ ಜುಲೈನಲ್ಲಿ ರಾಜಸ್ಥಾನದ ಝಾಲಾವಾಡ ಜಿಲ್ಲೆಯಲ್ಲಿ ಸರ್ಕಾರಿ ಶಾಲೆ ಕುಸಿದು ಏಳು ಮಕ್ಕಳು ತೀರಿಕೊಂಡರು. ಗೋಡೆ ವಾಲಿದ್ದರೆ, ಗೋಡೆಯಲ್ಲಿ ಓರೆಯಾಗಿ ಬಿರುಕು ಓಡಿದ್ದರೆ, ತೊಲೆ ಬಾಗಿದ್ದರೆ ಇವತ್ತೇ ಆ ಕೋಣೆಗೆ ಬೀಗ ಹಾಕಿ, ಬರವಣಿಗೆಯಲ್ಲಿ ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಕಚೇರಿಗೆ ತಿಳಿಸಿ. ಆ ಒಂದು ಕೋಣೆಗೆ ಮಾತ್ರ ಪ್ರಮಾಣಪತ್ರ ಕೇಳಿ. ಅರ್ಜಿಯಲ್ಲಿ ಕೋಣೆಯ ನಂಬರು, ದಿಕ್ಕು, ಅಳತೆ ಬರೆಯಿರಿ. ಉಳಿದ ಕೋಣೆಗಳು ಗಟ್ಟಿ ಇವೆ, ಬಳಕೆಯಲ್ಲಿವೆ, ಅವುಗಳ ನಿರ್ವಹಣೆ ಮುಂದುವರಿಯಬೇಕು ಅಂತ ಅದೇ ಅರ್ಜಿಯಲ್ಲಿ ಸೇರಿಸಿ. ಎಂಜಿನಿಯರ್ ಬಂದಾಗ ಏಣಿ ಸಿದ್ಧ ಇರಲಿ, ಜೊತೆಗೆ ಆಚಾರಿಯೂ ಇರಲಿ.

ಅದಕ್ಕೂ ಮುಂಚೆ ಆಚಾರಿಯನ್ನು ಒಮ್ಮೆ ಮೇಲೆ ಹತ್ತಿಸಿ ನೋಡಿಸಿ. ಅವರು ಏನು ಹೇಳಿದರು ಅಂತ ಇಲ್ಲಿ ಕೆಳಗೆ ಬರೆಯಿರಿ, ಅರ್ಜಿ ಬರೆಯಲಿಕ್ಕೆ ನಾನು ಸಹಾಯ ಮಾಡುತ್ತೇನೆ.